ಮಧೂಚ್ಛಿಷ್ಟ

ಸಂಸ್ಕೃತದಲ್ಲಿ ಜೇನುಮೇಣಕ್ಕೆ ಮಧೂಚ್ಛಿಷ್ಟವೆಂದು ಹೆಸರು. ಮಧುವಿನ ಉಚ್ಛಿಷ್ಟ, ಎಂದರೆ ಜೇನನ್ನು ಹಿಂಡಿ ತೆಗೆದುಕೊಂಡ ಮೇಲೆ ಉಳಿದ ಎಂಜಲು ಎಂಬುದು ಪದದ ಅರ್ಥ. ಅಮರಸಿಂಹನು ತನ್ನ ಕೋಶದ ವೈಶ್ಯವರ್ಗದಲ್ಲಿ ಇದನ್ನೂ ಸಿಕ್ಥಕವೆಂಬ ಪದವನ್ನೂ ಪರ್ಯಾಯಗಳಾಗಿ ಒಟ್ಟಿಗೆ ಇಟ್ಟಿರುವನು. ಮದನವೆಂಬ ಇನ್ನೊಂದು ಹೆಸರೂ ಉಂಟು. ಅದೇ ಪ್ರಾಕೃತದ ಬಾಯಲ್ಲಿ ಮಯಣವಾಗಿ ನಮ್ಮಲ್ಲಿ ಮೇಣವೆನಿಸಿತು. ಆದರೆ ಶಾಸ್ತ್ರಗ್ರಂಥಗಳಲ್ಲಿ ನೆಲೆನಿಂತ ಹೆಸರು ಮಧೂಚ್ಛಿಷ್ಟವೇ. ಈ ಹೆಸರನ್ನಿಟ್ಟವರು ಜೇನನ್ನು ಉಂಡವರು. ಗೂಡನ್ನು ಕಟ್ಟಿದವರನ್ನು ಯಾರೂ ಕೇಳಲಿಲ್ಲವೆಂಬುದು ಪದವನ್ನು ಬಿಡಿಸಿದೊಡನೆಯೇ ತಿಳಿಯುವುದು.

ನೊಣದ ಪಕ್ಷದಿಂದ ನೋಡಿದರೆ ಈ ಕ್ರಮವು ತಲೆಕೆಳಗಾಗುವುದು. ಹಿಂಡೊಡೆದು ಹೊರಟ ಜೇನುಸಂಸಾರವು ಹೊಸ ಪೊಟರೆಯನ್ನು ಸೇರಿದ ಕೂಡಲೆ ಕೈಕೊಳ್ಳುವ ಮೊದಲ ಕಾರ್ಯವೆಂದರೆ ತನ್ನ ಮೈಯಿಂದ ಮೇಣವನ್ನು ಹೊರಡಿಸಿ ಎರಿಯನ್ನು ಕಟ್ಟುವುದು. ಎರಿಯಿಲ್ಲದೆ ರಾಣಿಗೆ ಮೊಟ್ಟೆಯಿಡಲು ಸ್ಥಳವಿಲ್ಲ. ಪರಾಗವನ್ನು ಕೂಡಿಡಲು ಪಾತ್ರೆಯಿಲ್ಲ. ಮಕರಂದವನ್ನು ಆರಿಸಿ ಜೇನಾಗಿಸಲು ಕಣಜವಿಲ್ಲ. ತೊಟ್ಟಿಲು, ಉಗ್ರಾಣ, ನಡೆದಾಡುವ ನೆಲ ಎಲ್ಲವೂ ಆ ಒಂದೇ ಮೇಣದ ಹಲಗೆ. ಮೊದಲು ಮೇಣ, ಅನಂತರ ಮಧು. ಎಂಜಲೆಂದು ಕರೆಯಿಸಿಕೊಂಡ ಈ ವಸ್ತುವಿನ ನಿಜವಾದ ಬೆಲೆಯನ್ನು ಮನುಷ್ಯನು ಅರಿತುಕೊಳ್ಳಲು ಹಿಡಿದ ಕಾಲ ಬಹು ದೀರ್ಘವಾದದ್ದು. ಜೇನುಸಾಕಣೆಯ ಇತಿಹಾಸದ ಬಹುಭಾಗವು ಆ ಅರಿವಿನ ಇತಿಹಾಸವೇ ಆಗಿರುವುದು.

ನಮ್ಮ ಪೂರ್ವಿಕರು ಎರಿಯನ್ನು ಕಣ್ಣಿಟ್ಟು ನೋಡಿರಲಿಲ್ಲವೆಂದು ಯಾರೂ ಹೇಳಲಾರರು. ಛಾಂದೋಗ್ಯೋಪನಿಷತ್ತಿನ ಮೂರನೆಯ ಅಧ್ಯಾಯದ ಆದಿಯಲ್ಲಿ ಬರುವ ಮಧುವಿದ್ಯೆಯಲ್ಲಿ ಆದಿತ್ಯನನ್ನು ದೇವತೆಗಳ ಮಧುವೆಂದು ವರ್ಣಿಸಿದೆ. ದ್ಯುಲೋಕವು ಅಡ್ಡಲಾಗಿರುವ ಬಿದಿರು, ಅಂತರಿಕ್ಷವು ಅದರಿಂದ ತೂಗುವ ಎರಿ, ಕಿರಣಗಳು ಎರಿಯೊಳಗಿನ ಮರಿಗಳು ಎಂಬುದು ಅಲ್ಲಿಯ ರೂಪಕ. ಎರಿಗೆ ಅಪೂಪವೆಂಬ ಶಬ್ದವನ್ನು ಪ್ರಯೋಗಿಸಿರುವುದು. ಅಪೂಪವೆಂದರೆ ಕಜ್ಜಾಯದಂಥ ಭಕ್ಷ್ಯ. ವೇದಾಂತವನ್ನು ಪಾಠ ಹೇಳುವವರು ಈ ಭಾಗದಲ್ಲಿ ಉಪಾಸನೆಯ ಫಲವನ್ನು ವಿಚಾರಿಸುವರಲ್ಲದೆ ಬಿದಿರಿನ ವಿಚಾರವನ್ನೆತ್ತುವುದು ಅಪರೂಪ. ಆದರೆ ಬಿದಿರು ಅಲ್ಲಿ ವೃಥಾ ಬಂದಿಲ್ಲ. ಮನುಷ್ಯನು ಗೋಡೆಯನ್ನು ನೆಲದಿಂದ ಮೇಲಕ್ಕೆ ಎತ್ತುವನು. ಜೇನುನೊಣವು ಎರಿಯನ್ನು ಮೇಲಿನಿಂದ ಕೆಳಕ್ಕೆ ಇಳಿಸುವುದು. ಮೇಲೊಂದು ಅಡ್ಡ ಆಧಾರವಿದ್ದರೆ ಅದಕ್ಕೆ ಕಚ್ಚಿಕೊಂಡು ಎರಿಯು ತೂಗುವುದು. ಋಷಿಯು ಇದನ್ನು ಕಂಡಿದ್ದನು. ಈ ಅಡ್ಡಗೋಲಿನ ಮಾತು ಮುಂದೆ ಇನ್ನೊಂದು ಕಡೆ, ಬೇರೆ ಜನರ ಕೈಯಲ್ಲಿ, ಫಲಕ್ಕೆ ಬರುವುದನ್ನು ನೋಡಬಹುದು. ಅಷ್ಟರಿಂದ ಹೊಸ ಜೇನುಪೆಟ್ಟಿಗೆಯನ್ನು ಉಪನಿಷತ್ತೇ ಉಪದೇಶಿಸಿತೆಂದು ಹೇಳಹೊರಡುವುದು ಮಾತ್ರ ಉಪನಿಷತ್ತಿಗೂ ಪೆಟ್ಟಿಗೆಗೂ ಗೌರವ ತರುವ ಮಾತಲ್ಲ.

ಮಧುವಿಗೆ ದೊರೆತ ಸಂಮಾನವು ಮೇಣಕ್ಕೆ ದೊರೆಯಲಿಲ್ಲ. ಮನೆಗೆ ಬಂದ ಪೂಜ್ಯನಿಗೂ ಮದುವೆಯ ವರನಿಗೂ ಕೊಡುವ ಮಧುಪರ್ಕದಲ್ಲಿ ಜೇನು ಸೇರಿತು. ಚರಕನು ಮಧುವನ್ನು ಮಾಕ್ಷಿಕ, ಭ್ರಾಮರ, ಕ್ಷೌದ್ರ, ಪೌತ್ತಿಕವೆಂದು ನಾಲ್ಕಾಗಿ ವಿಂಗಡಿಸಿದನು; ಸುಶ್ರುತನು ಛಾತ್ರ, ಆರ್ಘ್ಯ, ಔದ್ದಾಲಕ, ದಾಲಗಳನ್ನೂ ಕೂಡಿಸಿ ಎಂಟೆಂದನು. ನೊಣದ ಜಾತಿಗೆ ತಕ್ಕಂತೆ ಜೇನು ಬೇರೆಯಾಗುವುದೆಂಬ ತಿಳಿವಳಿಕೆ ಈ ವಿಭಾಗದ ಬೆನ್ನಿಗಿರುವುದು. ಮೇಣಕ್ಕಾದರೋ ವೈದ್ಯಶಾಸ್ತ್ರದಲ್ಲಿ ಎಣ್ಣೆಯೊಡನೆ ಕಾಯಿಸಿ ಮುಲಾಮನ್ನು ಗಟ್ಟಿಗೊಳಿಸುವ ಕೆಲಸವೇ ಮುಖ್ಯವಾಗಿ ಉಳಿಯಿತು.

ಮೇಣವನ್ನು ಮನಃಪೂರ್ವಕವಾಗಿ ಗೌರವಿಸಿದವರು ಶಿಲ್ಪಿಗಳು. ಲೋಹದ ವಿಗ್ರಹವನ್ನು ಎರಕ ಹೊಯ್ಯುವ ವಿಧಾನಕ್ಕೆ ಮಧೂಚ್ಛಿಷ್ಟವಿಧಾನವೆಂದೇ ಹೆಸರಾಯಿತು. ಮೊಹೆಂಜೊದಾರೊದಲ್ಲಿ ದೊರೆತ ನರ್ತಕಿಯ ಪುಟ್ಟ ಕಂಚಿನ ಪ್ರತಿಮೆಯೂ ಮೇಣದ ಎರಕದಿಂದಲೇ ಆದದ್ದು. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನು ಹನ್ನೆರಡನೆಯ ಶತಮಾನದ ಪೂರ್ವಾರ್ಧದಲ್ಲಿ ರಚಿಸಿದ ಮಾನಸೋಲ್ಲಾಸದಲ್ಲಿ ಈ ಕ್ರಮವನ್ನು ವಿವರವಾಗಿ ತಿಳಿಸಿರುವನು. ಮೊದಲು ಮೇಣದಿಂದ ಸರ್ವಾಂಗಸುಂದರವಾದ ಮೂರ್ತಿಯನ್ನು ಮಾಡಿ, ಅದಕ್ಕೆ ನುಣ್ಣನೆಯ ಮಣ್ಣನ್ನು ಪದರ ಪದರವಾಗಿ ಬಳಿದು ಒಣಗಿಸಿ, ಕಾಸಿದಾಗ ಮೇಣವು ಕರಗಿ ನಾಳದಿಂದ ಹೊರಕ್ಕೆ ಹರಿಯುವುದು. ಆ ಬರಿದಾದ ಅಚ್ಚಿನೊಳಕ್ಕೆ ಕರಗಿದ ಲೋಹವನ್ನು ಹೊಯ್ಯಬೇಕು. ಮೇಣವನ್ನು ಮೊದಲೇ ತೂಗಿಟ್ಟುಕೊಂಡು, ಆ ತೂಕಕ್ಕೆ ಇಂತಿಷ್ಟು ಪಟ್ಟು ಲೋಹ ಬೇಕೆಂಬ ಲೆಕ್ಕವನ್ನು ಬೆಳ್ಳಿಗೆ ಬೇರೆ, ಬಂಗಾರಕ್ಕೆ ಬೇರೆಯಾಗಿ ಕೊಟ್ಟಿರುವುದು ಆ ದೊರೆಯು ಎರಕದ ಮನೆಯನ್ನು ಹೊರಗಿನಿಂದ ಇಣಿಕಿ ನೋಡಿ ಬರೆದವನಲ್ಲವೆಂಬುದಕ್ಕೆ ಸಾಕ್ಷಿ. ತಂಜಾವೂರು ಸೀಮೆಯ ಸ್ವಾಮಿಮಲೆಯಲ್ಲಿ ಸ್ಥಪತಿಗಳು ಇಂದಿಗೂ ಮೇಣದಲ್ಲಿಯೇ ಮೂರ್ತಿಯನ್ನು ಮೊದಲು ತಿದ್ದುವರು. ದೇವರು ಲೋಹದಲ್ಲಿ ಅವತರಿಸುವುದಕ್ಕೆ ಮುಂಚೆ ಜೇನಿನ ಎಂಜಲಿನಲ್ಲಿ ಅವತರಿಸಬೇಕಾಗುವುದೆಂದು ಯಾರಾದರೂ ಹೇಳಿದರೆ ತಪ್ಪು ಹಿಡಿಯುವಂತಿಲ್ಲ.

ಪಶ್ಚಿಮದಲ್ಲಿ ಮೇಣದ ಬೆಲೆ ಇನ್ನೂ ಹೆಚ್ಚಾಗಿತ್ತು. ರೋಮನರು ಮೇಣ ಸವರಿದ ಹಲಗೆಗಳ ಮೇಲೆ ಬರೆದು ಅಳಿಸಿ ಮತ್ತೆ ಬರೆಯುತ್ತಿದ್ದರು. ಕ್ರೈಸ್ತ ದೇವಾಲಯಗಳಲ್ಲಿ ಪೂಜಾಕಾಲಕ್ಕೆ ಉರಿಸುವ ಬತ್ತಿಗಳು ಜೇನುಮೇಣದವೇ ಆಗಿರಬೇಕೆಂಬ ನಿಯಮವಿತ್ತು. ಈ ಬೇಡಿಕೆಯಿಂದಾಗಿ ರಷ್ಯದ ನವ್ಗೊರೊದ್ ಪಟ್ಟಣದ ಮಧ್ಯಯುಗದ ವ್ಯಾಪಾರದಲ್ಲಿ ತುಪ್ಪಳದ ಚರ್ಮವನ್ನು ಬಿಟ್ಟರೆ ಕಾಡಿನ ಜೇನುಮೇಣವೇ ಮುಖ್ಯ ಸರಕಾಗಿತ್ತು.

ಇಷ್ಟಾದರೂ ಪೂರ್ವಪಶ್ಚಿಮಗಳೆರಡರಲ್ಲಿಯೂ ಮೇಣವನ್ನು ಪಡೆಯುವ ದಾರಿ ಒಂದೇ ಆಗಿತ್ತು: ಗೂಡನ್ನು ಮುರಿಯುವುದು. ಸ್ಪೇನ್ ದೇಶದ ಬಿಕೋರ್ಪ್ ಗ್ರಾಮದ ಬಳಿಯ ಗುಹೆಯಲ್ಲಿಯೂ ಮಧ್ಯಪ್ರದೇಶದ ಪಚ್‌ಮಡಿ ಬೆಟ್ಟಗಳ ಕಲ್ಲಾಸರೆಗಳಲ್ಲಿಯೂ ಜೇನು ಕೀಳುವವರ ಪುರಾತನ ಚಿತ್ರಗಳಿವೆ. ಅವೆರಡರ ನಡುವೆ ಅಷ್ಟು ದೇಶಗಳ ಅಂತರವಿದ್ದರೂ ಮನುಷ್ಯನು ಬಂಡೆಯನ್ನೋ ಮರವನ್ನೋ ಏರಿ ಗೂಡಿಗೆ ಕೈಹಾಕುವ ರೀತಿಯಲ್ಲಿ ಅಂತರವಿಲ್ಲ. ನಮ್ಮ ಮಲೆನಾಡಿನಲ್ಲಿ ಹೆಜ್ಜೇನು ಎತ್ತರವಾದ ಮರಗಳ ಕೊಂಬೆಗೂ ಬಂಡೆಯ ಚಾಚಿಗೂ ಒಂದೇ ದೊಡ್ಡ ಎರಿಯನ್ನು ಬಯಲಾಗಿ ತೂಗಹಾಕುವುದು. ಕೋಲುಜೇನು ಪೊದೆಯ ಕಡ್ಡಿಗೆ ಅಂಗೈಯಗಲದ ಎರಿಯನ್ನು ಕಟ್ಟುವುದು. ತುಡುವೆ ಜೇನು ಪೊಟರೆ, ಹುತ್ತ, ಗೋಡೆಯ ಸಂದುಗಳ ಕತ್ತಲೆಯಲ್ಲಿ ಹಲವು ಎರಿಗಳನ್ನು ಒಂದರ ಪಕ್ಕಕ್ಕೊಂದು ಇಳಿಸುವುದು. ಹೆಜ್ಜೇನನ್ನು ಕೀಳುವುದು ಕತ್ತಲೆಯ ರಾತ್ರಿಯಲ್ಲಿ. ಸೊಪ್ಪಿನ ಸೂಡಿಯ ಕಿಡಿಗಳನ್ನು ಕೆಳಕ್ಕೆ ಉದುರಿಸಿದಾಗ ನೊಣಗಳು ಕಿಡಿಯ ಬೆಳಕನ್ನು ಹಿಂಬಾಲಿಸಿ ಇಳಿಯುವುವು. ಅಷ್ಟರಲ್ಲಿ ಮೇಲಿದ್ದವನು ಎರಿಯನ್ನು ಕೊಯ್ದುಬಿಡುವನು. ಕುಲದ ಹೆಸರಿನಲ್ಲಿಯೇ ಜೇನನ್ನಿಟ್ಟುಕೊಂಡ ಜೇನುಕುರುಬರು ಈ ವಿದ್ಯೆಯಲ್ಲಿ ನಿಪುಣರು. ಮರಿಯಿರುವ ಭಾಗವನ್ನು ಬಿಟ್ಟು ಜೇನಿನ ಭಾಗವನ್ನಷ್ಟೇ ಕೊಯ್ಯುವ ವಿವೇಕಿಗಳು ಕಾಡಿನ ಜನರಲ್ಲಿ ಎಂದಿಗೂ ಇದ್ದರು. ಆದರೆ ತುಡುವೆಯ ಗೂಡಿಗೆ ಪೇಟೆಯ ಗಿರಾಕಿಯ ಆತುರದಿಂದ ಕೈಹಾಕಿದವರು ಮೊಟ್ಟೆ, ಮರಿ, ಪರಾಗ, ಜೇನು ಎಲ್ಲವನ್ನೂ ಒಂದೇ ಬಟ್ಟೆಯಲ್ಲಿ ಹಿಂಡಿದರು.

ಯೂರೋಪಿನ ಸಾಕಣೆಗಾರರ ಕ್ರಮ ಇದಕ್ಕಿಂತ ಮೃದುವಾಗಿತ್ತೆಂದು ಭಾವಿಸಬಾರದು. ಅವರು ಹುಲ್ಲನ್ನು ಹೆಣೆದು ಬೋರಲು ಹಾಕಿದ ಬುಟ್ಟಿಗಳಲ್ಲಿ ನೊಣಗಳನ್ನು ಇಟ್ಟುಕೊಳ್ಳುತ್ತಿದ್ದರು. ಎರಿಗಳು ಬುಟ್ಟಿಯ ಒಳಮೈಗೆ ಅಂಟಿಕೊಂಡೇ ಬೆಳೆಯುತ್ತಿದ್ದುದರಿಂದ ಕತ್ತರಿಸದೆ ಹೊರಗೆ ಬಾರವು. ಆದ್ದರಿಂದ ಶರತ್ಕಾಲದಲ್ಲಿ ಗುಣಿಯನ್ನು ತೋಡಿ, ಅದರಲ್ಲಿ ಗಂಧಕವನ್ನು ಉರಿಸಿ, ಮೇಲೆ ಬುಟ್ಟಿಯನ್ನಿಟ್ಟು ಒಳಗಿನ ನೊಣಗಳನ್ನೆಲ್ಲ ಕೊಂದು ಜೇನನ್ನೂ ಮೇಣವನ್ನೂ ತೆಗೆದುಕೊಳ್ಳುವುದು ವಾಡಿಕೆಯಾಗಿತ್ತು. ತೂಕವಾದ ಬುಟ್ಟಿಗಳನ್ನು ಲಾಭಕ್ಕಾಗಿ ಕೊಂದರು; ತೀರ ಹಗುರವಾದವು ಚಳಿಗಾಲವನ್ನು ಕಳೆಯಲಾರವೆಂದು ಅವುಗಳನ್ನೂ ಕೊಂದರು. ನಡುವಿನವು ಮುಂದಿನ ವರ್ಷಕ್ಕೆ ಉಳಿದುವು. ಹೆಚ್ಚು ದುಡಿದ ಸಂಸಾರಕ್ಕೆ ಮರಣದಂಡನೆಯೆಂಬ ಈ ನ್ಯಾಯವು ಶತಮಾನಗಳ ಕಾಲ ಯಾರಿಗೂ ವಿಪರೀತವೆಂದು ತೋರಲಿಲ್ಲ.

ಮೇಣವು ಎಲ್ಲಿಂದ ಬರುವುದೆಂಬುದೇ ತಿಳಿಯದಿದ್ದಾಗ ಅದರ ಬೆಲೆ ತಿಳಿಯುವುದೆಂತು? ಅದು ಹೂವಿನಲ್ಲಿ ಸಿದ್ಧವಾಗಿರುವ ವಸ್ತುವೆಂದೂ ನೊಣವು ಅದನ್ನು ಕಾಲಿನಲ್ಲಿ ಹೊತ್ತು ತರುವುದೆಂದೂ ಅರಿಸ್ಟಾಟಲನ ಕಾಲದಿಂದ ನಂಬಿದ್ದರು. ಹದಿನೆಂಟನೆಯ ಶತಮಾನದ ಫ್ರೆಂಚ್ ಪಂಡಿತನಾದ ರೆಯೋಮ್ಯೂರನು ಪರಾಗವೇ ನೊಣದ ಹೊಟ್ಟೆಯಲ್ಲಿ ಪಾಕವಾಗಿ ಮೇಣವಾಗುವುದೆಂದು ತಿಳಿದನು. 1792ರಲ್ಲಿ ಲಂಡನ್ನಿನ ವೈದ್ಯ ಜಾನ್ ಹಂಟರನು ಕೆಲಸಗಾರ ನೊಣದ ಹೊಟ್ಟೆಯ ಕೆಳಭಾಗದಲ್ಲಿ ಮೇಣದ ಸಣ್ಣ ಶಲ್ಕಗಳಿರುವುದನ್ನು ಪ್ರಕಟಿಸಿದನು. ಆ ಶಲ್ಕಕ್ಕೆ ಮೂಲದ್ರವ್ಯ ಯಾವುದೆಂಬ ಪ್ರಶ್ನೆಗೆ ಉತ್ತರವನ್ನು ಹೇಳಿದವನು ಜಿನೀವಾ ನಗರದ ಫ್ರಾನ್ಸ್ವಾ ಹ್ಯೂಬರನು.

ಹ್ಯೂಬರನು 1750ರಲ್ಲಿ ಹುಟ್ಟಿದನು. ಬಾಲ್ಯದಲ್ಲಿಯೇ ಅವನ ದೃಷ್ಟಿ ಮಂದವಾಗುತ್ತ ಬಂದು ಯೌವನದಲ್ಲಿ ಅವನು ಪೂರ್ಣವಾಗಿ ಕುರುಡನಾದನು. ಮಾರೀ ಲ್ಯೂಲ್ಯಾನ್ ಎಂಬ ಕನ್ಯೆಯು ತಂದೆಯ ವಿರೋಧವನ್ನು ಲೆಕ್ಕಿಸದೆ, ಸ್ವತಂತ್ರಳಾಗುವ ವಯಸ್ಸು ಬರುವವರೆಗೆ ಕಾದಿದ್ದು ಅವನನ್ನೇ ಮದುವೆಯಾದಳು. ಅವನ ಮನೆಯ ಸೇವಕ ಫ್ರಾನ್ಸ್ವಾ ಬ್ಯೂರ್ನೆನ್ಸನು ಮೊದಲು ಗ್ರಂಥಗಳನ್ನು ಓದಿ ಹೇಳುವವನಾಗಿದ್ದು, ಅನಂತರ ಒಡೆಯನ ಕಣ್ಣೇ ಆದನು. ಒಡೆಯನು ಪ್ರಶ್ನೆಯನ್ನು ರಚಿಸುವನು. ಸೇವಕನು ಗೂಡಿನ ಮುಂದೆ ಕುಳಿತು ಕಂಡದ್ದನ್ನು ಕಂಡಂತೆ ಹೇಳುವನು. ಕುರುಡನು ಅದನ್ನು ಕೇಳಿ, ಸಂದೇಹ ಬಂದ ಕಡೆ ಮತ್ತೆ ನೋಡಿಸಿ, ನಿಶ್ಚಯಕ್ಕೆ ಬರುವನು. ಇದಕ್ಕಾಗಿ ಹ್ಯೂಬರನು ಗ್ರಂಥದ ಹಾಳೆಗಳನ್ನು ಮಗುಚುವಂತೆ ಒಂದೊಂದಾಗಿ ತೆರೆಯಬಹುದಾದ ಚೌಕಟ್ಟುಗಳ ಗೂಡನ್ನು ಮಾಡಿಸಿದನು. ಕಣ್ಣಿದ್ದ ಪಂಡಿತರು ಬುಟ್ಟಿಯ ಬಾಯಲ್ಲಿ ಇಣಿಕಿ ಊಹಿಸಿದ್ದನ್ನು ಕಣ್ಣಿಲ್ಲದವನು ಹಾಳೆ ಹಾಳೆಯಾಗಿ ಓದಿಸಿದನು. 1792ರಲ್ಲಿ ಮೊದಲ ಗ್ರಂಥವೂ, 1814ರಲ್ಲಿ ಮಗ ಪಿಯೇರನ ಸಹಾಯದಿಂದ ವಿಸ್ತರಿಸಿದ ಗ್ರಂಥವೂ ಪ್ರಕಟವಾದುವು.

ಮೇಣದ ವಿಷಯವಾಗಿ ಅವನು ಮಾಡಿದ ಪರೀಕ್ಷೆ ಸರಳವಾದದ್ದು. ಒಂದು ಹಿಂಡನ್ನು ಹೊರಗೆ ಹೋಗದಂತೆ ಕೂಡಿಹಾಕಿ ಜೇನನ್ನೂ ನೀರನ್ನೂ ಮಾತ್ರ ಕೊಟ್ಟನು. ಪರಾಗದ ಸೋಂಕೇ ಇಲ್ಲದೆ ಆ ನೊಣಗಳು ಬೆಳ್ಳಗಿನ ಎರಿಯನ್ನು ಕಟ್ಟಿದುವು. ಅದನ್ನು ತೆಗೆದುಹಾಕಿದರೆ ಮತ್ತೆ ಕಟ್ಟಿದುವು. ಇನ್ನೊಂದು ಹಿಂಡಿಗೆ ಪರಾಗವನ್ನೂ ಹಣ್ಣನ್ನೂ ಕೊಟ್ಟು ಜೇನನ್ನು ಕೊಡದೆ ಇಟ್ಟನು. ಅಲ್ಲಿ ಮೇಣದ ಸುಳಿವೇ ಕಾಣಲಿಲ್ಲ. ಸಕ್ಕರೆಯ ಪಾಕದಿಂದಲೂ ಎರಿ ಹುಟ್ಟಿತು. ಹೀಗೆ ಮೇಣವು ಹೂವಿನಿಂದ ಹೊತ್ತು ತಂದ ಸರಕಲ್ಲ, ನೊಣವು ಉಂಡ ಜೇನೇ ಅದರ ಮೈಯಲ್ಲಿ ರೂಪಾಂತರ ಹೊಂದಿದ್ದೆಂಬುದು ಸಿದ್ಧವಾಯಿತು.

ಅನಂತರದ ಸಂಶೋಧಕರು ಇದರ ವಿವರಗಳನ್ನು ತುಂಬಿರುವರು. ಎಳೆಯ ಕೆಲಸಗಾರ ನೊಣದ ಉದರದ ಅಡಿಯಲ್ಲಿ ನಾಲ್ಕು ಜೊತೆ ಗ್ರಂಥಿಗಳಿವೆ. ಸುಮಾರು 12ರಿಂದ 18 ದಿನಗಳ ವಯಸ್ಸಿನಲ್ಲಿ ಅವು ಚೆನ್ನಾಗಿ ಸ್ರವಿಸುವುವು. ನೊಣಗಳು ಒಂದರ ಕಾಲನ್ನೊಂದು ಹಿಡಿದು ಸರಪಳಿಯಂತೆ ತೂಗಾಡುತ್ತ ಬೆಚ್ಚಗಿದ್ದು ಶಲ್ಕವನ್ನು ಹೊರಡಿಸುವುವು. ಅದನ್ನು ಹಿಂಗಾಲಿನಿಂದ ಕಿತ್ತು, ದವಡೆಯಲ್ಲಿ ಅಗಿದು ಹದಮಾಡಿ ಗೋಡೆಗೆ ಮೆತ್ತುವುವು. ಒಂದು ಶಲ್ಕದ ತೂಕ ಸುಮಾರು ಒಂದು ಮಿಲಿಗ್ರಾಂ. ಎಂದಮೇಲೆ 1 ಕಿಲೋಗ್ರಾಂ ಮೇಣಕ್ಕೆ ಸುಮಾರು 10 ಲಕ್ಷ ಶಲ್ಕಗಳು ಬೇಕು. ಅಷ್ಟನ್ನು ಸ್ರವಿಸಲು ನೊಣಗಳು 6ರಿಂದ 8 ಕಿಲೋಗ್ರಾಂ ಜೇನನ್ನು ಉಣ್ಣಬೇಕು. ಇಷ್ಟು ದುಬಾರಿಯಾದ ದ್ರವ್ಯವನ್ನು ಅವು ಎಷ್ಟು ಜಿಪುಣತನದಿಂದ ಬಳಸುವುವೆಂಬುದಕ್ಕೆ ಆರು ಮೂಲೆಯ ಕೋಣೆಗಳೇ ಸಾಕ್ಷಿ. ಕಡಮೆ ಗೋಡೆಯಲ್ಲಿ ಹೆಚ್ಚು ಸ್ಥಳವನ್ನು ಆವರಿಸುವ ಆಕಾರವು ಷಟ್ಕೋಣವೆಂದು ಅಲೆಕ್ಸಾಂಡ್ರಿಯದ ಗಣಿತಜ್ಞ ಪ್ಯಾಪಸನು ನಾಲ್ಕನೆಯ ಶತಮಾನದಲ್ಲಿ ಹೇಳಿದ್ದನು. ಗಣಿತದ ಪೂರ್ಣಪ್ರಮಾಣದೊಡನೆ ಅದನ್ನು ಸಾಧಿಸಿದ್ದು 1999ರಲ್ಲಿ ಟಾಮಸ್ ಹೇಲ್ಸ್ ಎಂಬ ಅಮೆರಿಕದ ವಿದ್ವಾಂಸನು. ಎರಿಯು ತನ್ನ ತೂಕದ 20 ಪಟ್ಟಿಗೂ ಹೆಚ್ಚು ಜೇನನ್ನು ಹೊರಬಲ್ಲುದು.

ಈ ಲೆಕ್ಕವನ್ನು ಮುಂದಿಟ್ಟುಕೊಂಡರೆ ಗೂಡನ್ನು ಮುರಿದು ಹಿಂಡುವವನು ಮಾಡುವ ನಷ್ಟ ಸ್ಪಷ್ಟವಾಗುವುದು. ಅವನು ಕಣ್ಣಿಗೆ ಕಾಣುವ ಜೇನನ್ನು ಪಾತ್ರೆಗೆ ತುಂಬಿಕೊಳ್ಳುವನು. ಎರಿಯ ರೂಪದಲ್ಲಿದ್ದ ಇನ್ನಷ್ಟು ಜೇನನ್ನು ಕಾಣದೆ ಕಳೆಯುವನು. ನೊಣಗಳು ಬದುಕಿ ಉಳಿದರೂ ಮುಂದಿನ ಹೂಗಾಲದ ಮಕರಂದವನ್ನು ಮನೆ ಕಟ್ಟುವುದಕ್ಕೇ ವೆಚ್ಚಮಾಡಬೇಕು. ಎರಿಯನ್ನು ಉಳಿಸಿ ಜೇನನ್ನು ಪಡೆಯುವ ಉಪಾಯವುಂಟೇ ಎಂಬುದು ಹತ್ತೊಂಬತ್ತನೆಯ ಶತಮಾನದ ಪ್ರಶ್ನೆಯಾಯಿತು.

ಉಪಾಯದ ಬೀಜವು ಗ್ರೀಸ್ ದೇಶದಲ್ಲಿತ್ತು. ಜಾರ್ಜ್ ವೀಲರ್ ಎಂಬ ಇಂಗ್ಲಿಷ್ ಪ್ರವಾಸಿಯು 1682ರಲ್ಲಿ ಪ್ರಕಟಿಸಿದ ಪ್ರವಾಸಗ್ರಂಥದಲ್ಲಿ ಅಲ್ಲಿಯ ಬುಟ್ಟಿಗೂಡುಗಳನ್ನು ವರ್ಣಿಸಿರುವನು. ಬಾಯಿ ಮೇಲಾದ ಬುಟ್ಟಿಗೆ ಅಡ್ಡಲಾಗಿ ಕೋಲುಗಳನ್ನು ಸಾಲಾಗಿ ಇಟ್ಟಿರುವರು. ಒಂದೊಂದು ಕೋಲಿಗೆ ಒಂದೊಂದು ಎರಿ ತೂಗುವುದು. ಬೇಕಾದ ಕೋಲನ್ನು ಎರಿಸಹಿತ ಎತ್ತಬಹುದು. ಮಧುವಿದ್ಯೆಯ ಅಡ್ಡಬಿದಿರು ಇಲ್ಲಿ ಸಾಕಣೆಗಾರನ ಕೈಗೆ ಬಂದಿತು. ಆದರೂ ಒಂದು ತೊಡಕು ಉಳಿಯಿತು. ಪೆಟ್ಟಿಗೆಯಲ್ಲಿ ಹೀಗೆ ಕೋಲುಗಳನ್ನಿಟ್ಟರೆ ಎರಿಯ ಅಂಚುಗಳನ್ನು ನೊಣಗಳು ಪಕ್ಕದ ಗೋಡೆಗೆ ಅಂಟಿಸಿಬಿಡುವುವು; ಪ್ರತಿಸಲವೂ ಚಾಕುವಿನಿಂದ ಬಿಡಿಸಬೇಕು.

ಅದನ್ನು ಪರಿಹರಿಸಿದವನು ಅಮೆರಿಕದ ಲಾರೆಂಜೊ ಲ್ಯಾಂಗ್‌ಸ್ಟ್ರಾತ್ ಎಂಬ ಪಾದ್ರಿ. ಸುಮಾರು ಕಾಲರಿಂದ 3/8 ಅಂಗುಲದಷ್ಟು ಎಡೆಯನ್ನು ಬಿಟ್ಟರೆ ನೊಣಗಳು ಅದನ್ನು ಓಡಾಡುವ ಓಣಿಯಾಗಿ ಬಿಡುವುವು. ಅದಕ್ಕಿಂತ ಹೆಚ್ಚಾದರೆ ಎರಿಯಿಂದ ತುಂಬುವುವು, ಕಡಮೆಯಾದರೆ ಮರದಂಟಿನಿಂದ ಮುಚ್ಚುವುವು. 1851ರ ಶರತ್ಕಾಲದಲ್ಲಿ ಅವನಿಗೆ ಹೊಳೆದದ್ದು ಇಷ್ಟೇ: ಎರಿಯನ್ನು ಚೌಕಟ್ಟಿನಲ್ಲಿ ಕಟ್ಟಿಸಿ, ಚೌಕಟ್ಟಿನ ಸುತ್ತಲೂ ಅದೇ ಎಡೆಯನ್ನು ಬಿಟ್ಟರೆ ಅದು ಎಲ್ಲಿಯೂ ಅಂಟದು. 1852ರಲ್ಲಿ ಅವನಿಗೆ ಅದರ ಹಕ್ಕುಪತ್ರ ದೊರೆಯಿತು. ಹಕ್ಕನ್ನು ಅನುಸರಿಸಿ ನಡೆಯಿಸಿದ ವ್ಯಾಜ್ಯಗಳಲ್ಲಿ ದೊರೆತ ಹಣ ಅತ್ಯಲ್ಪ. ಮನೋವ್ಯಾಧಿಯಿಂದ ಜೀವಮಾನವೆಲ್ಲ ಬಳಲಿದ ಈ ಪಾದ್ರಿಯು 1895ರಲ್ಲಿ ಪ್ರವಚನಪೀಠದಲ್ಲಿಯೇ ಕಾಲವಾದನು.

ಉಳಿದ ಎರಡು ಹೆಜ್ಜೆಗಳು ಬೇಗನೆ ನಡೆದುವು. 1857ರಲ್ಲಿ ಜರ್ಮನಿಯ ಬಡಗಿ ಯೋಹಾನೆಸ್ ಮೇರಿಂಗನು ಷಟ್ಕೋಣದ ಅಡಿಪಾಯವನ್ನು ಒತ್ತಿದ ಮೇಣದ ಹಾಳೆಯನ್ನು ಮಾಡಿದನು. ಅದನ್ನು ಚೌಕಟ್ಟಿಗೆ ಕೂಡಿಸಿದರೆ ನೊಣಗಳು ಅದರ ಮೇಲೆಯೇ ಗೋಡೆಯೆತ್ತುವುವು. 1865ರಲ್ಲಿ ವೆನಿಸ್ ಬಳಿ ನೆಲಸಿದ್ದ ಆಸ್ಟ್ರಿಯದ ನಿವೃತ್ತ ಸೇನಾಧಿಕಾರಿ ಹ್ರುಷ್ಕನು ಎರಿಗಳನ್ನು ಗಿರ್ರನೆ ತಿರುಗಿಸಿ ಜೇನನ್ನು ಸಿಡಿಸಿ ತೆಗೆಯುವ ಯಂತ್ರವನ್ನು ತೋರಿಸಿದನು. ಅವನ ಮಗನು ಬುಟ್ಟಿಯಲ್ಲಿ ಎರಿಯ ತುಂಡನ್ನಿಟ್ಟುಕೊಂಡು ಆಟಕ್ಕೆ ಬೀಸಿ ತಿರುಗಿಸಿದಾಗ ಜೇನು ಹಾರಿದುದನ್ನು ನೋಡಿ ಈ ಯೋಚನೆ ಬಂದಿತೆಂದು ಒಂದು ಕಥೆಯುಂಟು. ಕಥೆ ಹೇಗೇ ಇರಲಿ, ಜೇನು ಬರಿದಾದ ಎರಿಯು ಮುರಿಯದೆ ಗೂಡಿಗೆ ಮರಳಿತು.

ಈ ವಿದ್ಯೆಯನ್ನು ಭರತಖಂಡಕ್ಕೆ ತರುವ ಪ್ರಯತ್ನಗಳು ಬಂಗಾಳದ ಕಡೆ 1880ರ ದಶಕದಲ್ಲಿಯೇ ನಡೆದಿದ್ದರೂ ನೆಲೆಯೂರಲಿಲ್ಲ. ದಕ್ಷಿಣದಲ್ಲಿ ಅದನ್ನು ನೆಲೆಗೊಳಿಸಿದವರು ತಿರುಚಿನಾಪಳ್ಳಿಯ ನ್ಯೂಟನ್ ಪಾದ್ರಿಗಳು. 1911ರಿಂದ 1917ರವರೆಗೆ ಅವರು ತುಡುವೆ ಜೇನಿಗೆ ಒಪ್ಪುವ ಏಳು ಚೌಕಟ್ಟುಗಳ ಚಿಕ್ಕ ಪೆಟ್ಟಿಗೆಯನ್ನು ರೂಪಿಸಿ ಗ್ರಾಮಸ್ಥರಿಗೆ ಶಿಕ್ಷಣ ಕೊಟ್ಟರು. ವಿದೇಶದ ದೊಡ್ಡ ಪೆಟ್ಟಿಗೆಯನ್ನು ಹಾಗೆಯೇ ತಂದಿಡದೆ ನಮ್ಮ ನೊಣದ ಮೈಯಳತೆಗೆ ತಕ್ಕಂತೆ ಕುಗ್ಗಿಸಿದುದರಲ್ಲಿ ಅವರ ವಿವೇಕವಿರುವುದು. ಸಾಕಣೆಯು 1917ರಲ್ಲಿ ತಿರುವಾಂಕೂರಿಗೂ 1925ರಲ್ಲಿ ಮೈಸೂರಿಗೂ 1931ರಲ್ಲಿ ಮದರಾಸಿಗೂ 1934ರಲ್ಲಿ ಕೊಡಗಿಗೂ ಹಬ್ಬಿತು. 1928ರಲ್ಲಿ ಕೃಷಿಯ ರಾಯಲ್ ಕಮಿಷನ್ ಇದನ್ನು ಗೃಹಕೈಗಾರಿಕೆಯಾಗಿ ಶಿಫಾರಸು ಮಾಡಿತ್ತು. 1934ರಲ್ಲಿ ಗಾಂಧಿಯವರು ಸ್ಥಾಪಿಸಿದ ಗ್ರಾಮೋದ್ಯೋಗ ಸಂಘವೂ ಇದನ್ನು ತನ್ನ ಕಾರ್ಯಗಳಲ್ಲಿ ಸೇರಿಸಿಕೊಂಡಿತು.

ಕೊಡಗಿನಲ್ಲಿ ಇದು ಹಿಡಿದಂತೆ ಬೇರೆಡೆ ಹಿಡಿದದ್ದು ವಿರಳ. 1936ರಲ್ಲಿ ವಿರಾಜಪೇಟೆಯಲ್ಲಿ ಸ್ಥಾಪಿತವಾದ ಸಹಕಾರಸಂಘವು ತನ್ನ ಹೆಸರಿನಲ್ಲಿ ಜೇನಿನೊಡನೆ ಮೇಣವನ್ನೂ ಸೇರಿಸಿಕೊಂಡಿದ್ದು ಅರ್ಥವತ್ತಾದ ಸಂಗತಿ. ಭಾಗಮಂಡಲದಲ್ಲಿ ಸಾಕಣೆಯ ಶಿಕ್ಷಣಕೇಂದ್ರವು ಏರ್ಪಟ್ಟಿತು. ಕಾಡಿನ ಹೂವುಗಳು, ಏಲಕ್ಕಿ, ಕಾಫಿ, ಕಿತ್ತಳೆ, ಇವೆಲ್ಲವೂ ಸಮೀಪದಲ್ಲಿದ್ದುವು. ಮನೆಯ ಹಿಂದಿನ ಮಾವಿನ ನೆರಳಿನಲ್ಲಿ ಕಾಲುಕಂಬದ ಮೇಲೆ ಪೆಟ್ಟಿಗೆಯನ್ನಿಡುವುದಕ್ಕೆ ಭೂಮಿಯ ಒಡೆತನವೂ ಬೇಕಾಗಲಿಲ್ಲ. ಕೊಡಗಿನ ಜೇನೆಂಬ ಹೆಸರೇ ದೂರದ ಊರುಗಳಲ್ಲಿ ಶುದ್ಧತೆಗೆ ಪ್ರಮಾಣವಾಯಿತು.

ಇಲ್ಲಿಯ ಸಾಕಣೆಗಾರರು ಪಶ್ಚಿಮದ ಪಾಠದಲ್ಲಿ ಕೆಲವನ್ನು ತಿದ್ದಿಕೊಳ್ಳಬೇಕಾಯಿತು. ವಿದೇಶೀಯ ನೊಣದ ಕೋಣೆಯ ಅಗಲ ಸುಮಾರು 5.3 ಮಿಲಿಮೀಟರಾದರೆ ದಕ್ಷಿಣದ ತುಡುವೆಯದು 4.3ರ ಸುತ್ತಮುತ್ತ, ಅಲ್ಲಿಯ ಅಚ್ಚಿನ ಮೇಣದ ಹಾಳೆ ಇಲ್ಲಿಗೆ ಒಪ್ಪದು. ಓಡಾಟದ ಎಡೆಯನ್ನೂ ಕಿರಿದು ಮಾಡಬೇಕು. ತುಡುವೆಯು ಮರದಂಟನ್ನು ತಾರದು. ಇವೆಲ್ಲಕ್ಕಿಂತ ಮುಖ್ಯವಾದ ಭೇದವು ಎರಿಯ ವಿಷಯದಲ್ಲಿಯೇ ಇರುವುದು. ವಿದೇಶೀಯ ನೊಣವು ವರ್ಷಾನುವರ್ಷ ಹಳೆಯ ಕಪ್ಪು ಎರಿಯಲ್ಲಿಯೇ ಸಂಸಾರ ಮಾಡುವುದು. ತುಡುವೆಗೆ ಹೊಸ ಎರಿಯೇ ಪ್ರಿಯ. ಹಳತನ್ನು ಅದು ತಾನೇ ಕಡಿದು ಕೆಡವುವುದು. ಗೂಡು ಸರಿಬಾರದಿದ್ದರೆ, ಇರುವೆಯ ಕಾಟವೋ ಮೇವಿನ ಕೊರತೆಯೋ ಬಂದರೆ, ಎರಿಯನ್ನೆಲ್ಲ ಬಿಟ್ಟು ಹಾರಿಹೋಗುವುದಕ್ಕೂ ಅದು ಹಿಂಜರಿಯದು. ಎರಿಯನ್ನು ಉಳಿಸುವುದೇ ಲಾಭವೆಂಬ ಪಶ್ಚಿಮದ ಸೂತ್ರವನ್ನು ಇಲ್ಲಿ ಅಕ್ಷರಶಃ ಅನುಸರಿಸಿದವನ ಪೆಟ್ಟಿಗೆಯಲ್ಲಿ ಎರಿಗಳು ಉಳಿದು ನೊಣಗಳು ಹೋಗುವ ಸಂಭವವುಂಟು. ಹೂಗಾಲದಲ್ಲಿ ಜೇನುಕೋಣೆಯ ಎರಿಯನ್ನು ಜೋಪಾನ ಮಾಡುವುದೂ, ಮರಿಕೋಣೆಯ ಕಪ್ಪಾದ ಎರಿಯನ್ನು ಕಾಲಕಾಲಕ್ಕೆ ತೆಗೆದು ಹೊಸತಕ್ಕೆ ಎಡೆಕೊಡುವುದೂ ಎರಡೂ ಬೇಕೆಂಬುದನ್ನು ಇಲ್ಲಿಯವರು ನೊಣದಿಂದಲೇ ಕಲಿತರು.

1991–92ರಲ್ಲಿ ಈ ಉದ್ಯೋಗದ ಮೇಲೆ ಬಂದ ವಿಪತ್ತು ದಕ್ಷಿಣದ ಸಾಕಣೆಗಾರರಿಗೆ ಮರೆಯತಕ್ಕದ್ದಲ್ಲ. 1976ರಲ್ಲಿ ಥಾಯ್ಲೆಂಡಿನಲ್ಲಿ ಮೊದಲು ಕಂಡದ್ದರಿಂದ ಥಾಯ್ ಸ್ಯಾಕ್‌ಬ್ರೂಡ್ ಎಂದು ಕರೆಯಲ್ಪಡುವ ವೈರಸ್ ರೋಗವು ಈಶಾನ್ಯಭಾರತದ ಮೂಲಕ ನಮ್ಮ ದೇಶವನ್ನು ಹೊಕ್ಕು, ಆ ವರ್ಷಗಳಲ್ಲಿ ಕೇರಳ, ಕರ್ನಾಟಕ, ತಮಿಳುನಾಡುಗಳಲ್ಲಿ ಹರಡಿತು. ರೋಗವು ದೊಡ್ಡ ನೊಣವನ್ನು ಮುಟ್ಟಿದಂತೆ ಕಾಣದು. ಎರಿಯ ಕೋಣೆಯಲ್ಲಿ ಬೆಳೆಯುವ ಮರಿಯನ್ನು ಹಿಡಿಯುವುದು. ಮರಿಯು ಪೊರೆ ಬಿಡುವ ಹಂತವನ್ನು ದಾಟಲಾರದೆ, ನೀರು ತುಂಬಿದ ಚೀಲದಂತಾಗಿ, ತಲೆಯನ್ನು ಮೇಲಕ್ಕೆ ಚಾಚಿಕೊಂಡು ಸಾಯುವುದು. ಇದಕ್ಕೆ ಔಷಧವಿಲ್ಲ. ಮರಿಯಿಲ್ಲದ ಸಂಸಾರವು ಕೆಲವೇ ವಾರಗಳಲ್ಲಿ ಕ್ಷಯಿಸುವುದು. ಇಲ್ಲವೆ ಗೂಡನ್ನು ತೊರೆದು ಹೊರಡುವುದು. ದಕ್ಷಿಣಭಾರತದ ತುಡುವೆ ಸಂಸಾರಗಳಲ್ಲಿ ನೂರಕ್ಕೆ 90ಕ್ಕೂ ಹೆಚ್ಚು ಹೀಗೆ ನಾಶವಾದುವು. ಕಾಲುಶತಮಾನಕ್ಕೂ ಮೇಲ್ಪಟ್ಟು ಪೆಟ್ಟಿಗೆಗಳನ್ನು ಮಕ್ಕಳಂತೆ ನೋಡಿಕೊಂಡಿದ್ದ ಮನೆಗಳಲ್ಲಿ ಒಂದು ಮಳೆಗಾಲ ಕಳೆಯುವುದರೊಳಗೆ ಸದ್ದಡಗಿತು.

ನೊಣ ಹೋದ ಮೇಲೆ ಪೆಟ್ಟಿಗೆಯಲ್ಲಿ ಉಳಿದದ್ದು ಎರಿ. ಅದಕ್ಕೂ ರಕ್ಷಣೆಯಿಲ್ಲ. ಕಾವಲುನೊಣಗಳಿಲ್ಲದ ಎರಿಗೆ ಮೇಣದ ಪತಂಗವು ಮೊಟ್ಟೆಯಿಡುವುದು. ಅದರ ಹುಳುಗಳು ಬಲೆ ನೇಯುತ್ತ ಸುರಂಗ ಕೊರೆದು ಎರಿಯನ್ನು ಬೂದಿಬಣ್ಣದ ಹಿಕ್ಕೆಯನ್ನಾಗಿ ಮಾಡುವುವು. ಲಕ್ಷಾಂತರ ಶಲ್ಕಗಳಿಂದಾದ ಮನೆಯು ತಿಂಗಳೊಪ್ಪತ್ತಿನಲ್ಲಿ ಕೈಯಲ್ಲಿ ಹಿಡಿದರೆ ಉದುರುವ ಪುಡಿಯಾಗುವುದು. ಮಧುವನ್ನು ಯಾರೂ ತೆಗೆದುಕೊಳ್ಳದೆ, ಮನೆಯನ್ನು ಕಟ್ಟಿದವರೂ ಇಲ್ಲದೆ ಬಿದ್ದಿದ್ದ ಆ ಎರಿಗಳಿಗೆ ಉಚ್ಛಿಷ್ಟವೆಂಬ ಹೆಸರು ಮೊದಲ ಸಲ ಒಪ್ಪಿತು.

ಕಾಡಿನ ಪೊಟರೆಗಳಲ್ಲಿ ಕೆಲವು ಸಂಸಾರಗಳು ರೋಗವನ್ನು ತಡೆದುಕೊಂಡು ಉಳಿದಿದ್ದುವು. ವಿದೇಶದ ಮೆಲ್ಲಿಫೆರ ಜಾತಿಯನ್ನು ತಂದಿಟ್ಟುಕೊಂಡವರೂ ಉಂಟು. ಅದಕ್ಕೆ ಹೆಚ್ಚು ಜೇನು, ಹೆಚ್ಚು ಮೇವು, ಹೆಚ್ಚು ಬಂಡವಾಳ, ಮಲೆನಾಡಿನ ಮಳೆಗಾಲದಲ್ಲಿ ಹೆಚ್ಚು ಆರೈಕೆ. ತುಡುವೆಯನ್ನೇ ನಚ್ಚಿದವರು ಆ ಉಳಿದ ಸಂಸಾರಗಳನ್ನು ಮರದಿಂದ ಇಳಿಸಿ, ಅವುಗಳಿಂದ ಹಿಂಡೊಡೆಯಿಸಿ, ವರ್ಷಗಳ ಮೇಲೆ ವರ್ಷ ಕಾದು ಪೆಟ್ಟಿಗೆಗಳನ್ನು ಮತ್ತೆ ತುಂಬಿಸಿದರು. ರೋಗವು ಪೂರ್ಣವಾಗಿ ತೊಲಗಿಲ್ಲ. ಆಗಾಗ ಅಲ್ಲಲ್ಲಿ ತಲೆಯೆತ್ತುವುದು. ಅಂಥ ಸಂಸಾರದ ಎರಿಯನ್ನು ಸಾಕಣೆಗಾರನು ಬೇರೆ ಪೆಟ್ಟಿಗೆಗೆ ಕೊಡುವುದಿಲ್ಲ.

ಹೂಗಾಲ ಮುಗಿದ ಮೇಲೆ ಅವನು ಹಳೆಯ ಎರಿಗಳನ್ನು ತೆಗೆದು, ನೀರಿನಲ್ಲಿ ಹಾಕಿ ಕಾಯಿಸುವನು. ಸುಮಾರು 62 ಡಿಗ್ರಿ ಸೆಂಟಿಗ್ರೇಡಿನಿಂದ ಮೇಣ ಕರಗತೊಡಗುವುದು. ಬಟ್ಟೆಯಲ್ಲಿ ಸೋಸಿ ಆರಲು ಬಿಟ್ಟರೆ ಕಸವು ಕೆಳಗುಳಿದು ಹಳದಿಯ ಬಿಲ್ಲೆಯು ನೀರಿನ ಮೇಲೆ ತೇಲುವುದು. ಅದನ್ನು ಹಾಳೆಗಳನ್ನಾಗಿ ಅಚ್ಚೊತ್ತಿಸಿ ತಂದು, ಎರಡು ಬೆರಳಗಲದ ಪಟ್ಟಿಯನ್ನು ಕತ್ತರಿಸಿ ಚೌಕಟ್ಟಿನ ಮೇಲಿನ ಅಡ್ಡಪಟ್ಟಿಗೆ ಅಂಟಿಸುವನು. ಅಲ್ಲಿಂದ ಕೆಳಕ್ಕೆ ನೊಣಗಳು ಇಳಿಸಿಕೊಂಡು ಬರುವುವು.